ನನ್ನ ಕಿವಿಯಿಂದ ಕೇಳಿದ ಮೂರು ಆಟ

ಡಿಸೆಂಬರ್ ೨೧, ರವಿವಾರ

ನಾನು ಗೋದೂಬಾಯಿ, ಬಸವನ ಬಾಗೇವಾಡಿಯ ಕುಲಕರ್ಣಿಯವರ ವಾಡೆಯ ಹಿರಿಯಳು. ವಯಸ್ಸು ಎಪ್ಪತ್ತೆರಡು. ಎಸ್‌ಎಸ್‌ಎಲ್‌ಸಿಯನ್ನು ಮೊದಲ ಸಲಕ್ಕೇ ಪಾಸು ಮಾಡಿದವಳು. ಮನಗೂಳಿ ದಾರಿಯ ಹೊಲದಲ್ಲಿ ಏನು ಬಿತ್ತಬೇಕು ಎಂಬುದರಿಂದ ಹಿಡಿದು ಈ ಮನೆಯ ಮಕ್ಕಳು ಯಾವ ಶಾಲೆಗೆ ಹೋಗಬೇಕು ಎಂಬುದರವರೆಗೆ ನನ್ನ ಮಾತಿಲ್ಲದೆ ಇಲ್ಲಿ ಯಾವುದೂ ನಡೆದಿಲ್ಲ. ಯಜಮಾನರು ಇದ್ದಾಗಲೂ ನಡೆದಿಲ್ಲ. ಹಣಮಪ್ಪನ ಗುಡಿಯ ಭಜನಾ ಮಂಡಳಿಯಲ್ಲಿ ಇಪ್ಪತ್ತಾರು ವರ್ಷದಿಂದ ಮೊದಲ ಸೊಲ್ಲು ಎತ್ತುವವಳು ನಾನೇ. ಒಮ್ಮೆ ಕೀರ್ತನೆಗೆ ಬಂದ ದಾಸರೊಬ್ಬರ ಶ್ರುತಿ ಕೂದಲೆಳೆಯಷ್ಟು ಇಳಿದದ್ದನ್ನು ಹಿಂದಿನ ಸಾಲಿನಲ್ಲಿ ಕುಳಿತು ಹಿಡಿದಿದ್ದೆ. ಅವರು ಎಲ್ಲರ ಮುಂದೆ ಕೈ ಮುಗಿದರು. ಕಿವಿ ಎಂದರೆ ಗೋದೂಬಾಯಿಯವರ ಕಿವಿ ಎಂದು ಊರಿನಲ್ಲಿ ಇಂದಿಗೂ ಹೇಳುತ್ತಾರೆ.

ಇದನ್ನೆಲ್ಲ ಬರೆದದ್ದು ಏಕೆಂದರೆ, ಒಂದು ನಿರ್ಣಯ ನನ್ನ ಮೇಲೆ ಬಂದು ಕುಳಿತಿದೆ. ನಿರ್ಣಯ ಮಾಡುವವಳು ಯಾರು ಎಂಬುದು ಬರಹದಲ್ಲಿರಲಿ.

ಮಗ ಸಂಕರ್ಷಣನ ಮಗಳು ಶ್ರೀವಾಣಿಗೆ ಈಗ ಹದಿನೈದು. ಬೇಸ್‌ಬಾಲ್ ಎಂಬ ಆಟ ಆಡುತ್ತಾಳೆ. ನಮ್ಮ ಜಿಲ್ಲೆಯಿಂದ ನಾಲ್ಕು ಹುಡುಗಿಯರನ್ನು ರಾಜ್ಯದ ತಂಡಕ್ಕೆ ಆರಿಸಿದ್ದಾರೆ. ಇಂಡಿಯಿಂದ ಒಬ್ಬಳು, ಮುದ್ದೇಬಿಹಾಳದಿಂದ ಒಬ್ಬಳು, ಸಿಂದಗಿಯ ಅಫ್ರೀನ, ಮತ್ತು ಇವಳು. ನಾಡಿದ್ದು ರೈಲು ಹತ್ತುತ್ತಾರೆ. ಹೊರರಾಜ್ಯದಲ್ಲಿ ಮೂರು ಆಟ. ಅದಾದರೆ ಇರಲಿ, ಹೋಗಿ ಬರಲಿ. ಆದರೆ ಇವಳ ಹೆಸರು ಕ್ರೀಡಾ ವಸತಿ ನಿಲಯಕ್ಕೂ ಬಂದಿದೆ. ಜಿಲ್ಲೆಗೆ ಒಂದೇ ಸೀಟು. ಎರಡು ವರ್ಷ ಮನೆ ಬಿಟ್ಟು ಅಲ್ಲೇ ಇರಬೇಕು. ಮುಂದಿನ ವರ್ಷ ವಯಸ್ಸು ಮೀರುತ್ತದೆ, ಆದ್ದರಿಂದ ಈಗ ಬಿಟ್ಟರೆ ಬಿಟ್ಟಂತೆಯೇ. ಪಾಲಕರ ಒಪ್ಪಿಗೆಯನ್ನು ಜನವರಿ ಐದರೊಳಗೆ ಕಳಿಸಬೇಕು.

"ನೀ ಹೆಂಗ ಹೇಳ್ತೀಯೋ ಹಂಗವ್ವಾ" ಎಂದ ಸಂಕರ್ಷಣ. ಸೊಸೆ ವರದಾ ಅಡಿಗೆಮನೆಯ ಬಾಗಿಲಲ್ಲಿ ನಿಂತಿದ್ದಳು.

ನಾನು ಶ್ರೀವಾಣಿಯನ್ನು ಎದುರಿಗೆ ಕೂರಿಸಿ ಹೇಳಿದೆ. "ನಿನ್ನ ಮಾಸ್ತರು ಹೇಳಿದ್ದೂ ನನಗ ಬ್ಯಾಡ, ನಿಮ್ಮಪ್ಪ ಹೇಳಿದ್ದೂ ಬ್ಯಾಡ. ಮೂರೂ ಆಟ ನಾನ ಕೇಳ್ತೀನಿ. ನೀ ಖರೇನ ಛಲೋ ಆಡ್ತಿದ್ರ ಹೋಗು. ಇಲ್ಲಾಂದ್ರ ಇಲ್ಲ."

ಹುಡುಗಿ ಹಿಗ್ಗಿಬಿಟ್ಟಳು. "ನೀವು ಕೇಳಿ ಛಲೋ ಅಂದ್ರ ಅದು ಛಲೋನ ಅಜ್ಜಿ. ನೀವು ಅಲ್ಲ ಅಂದ್ರ ಅಲ್ಲ. ನನಗೂ ಅಷ್ಟ ಗೊತ್ತಾಗಬೇಕಾಗೇದ."

ಆಟ ತಿಳಿಯದೆ ಹೇಗೆ ಕೇಳುವುದು? ಕಟ್ಟೆಯ ಮೇಲೆ ರಂಗೋಲಿಯಲ್ಲಿ ಬರೆದು ತೋರಿಸೆಂದೆ. ಮೂಲೆಯ ಮೇಲೆ ನಿಲ್ಲಿಸಿದ ಚೌಕ. ನಾಲ್ಕು ಮೂಲೆಗೆ ನಾಲ್ಕು ಠಾಣೆ. ನಡುವೆ ಒಂದು ದಿಬ್ಬ. ಅದರ ಮೇಲೆ ನಿಂತು ಇವಳು ಚೆಂಡು ಎಸೆಯುತ್ತಾಳೆ. ಎದುರಿನವಳು ಒನಕೆಯಂಥ ಕೋಲಿನಿಂದ ಬೀಸುತ್ತಾಳೆ. ಮೂರು ಸಲ ತಪ್ಪಿದರೆ ಔಟು. ಹೊಡೆಯುವವಳ ಹಿಂದೆ ಅಫ್ರೀನ ಕುಕ್ಕರಗಾಲಿನಲ್ಲಿ ಕುಳಿತು ಚೆಂಡು ಹಿಡಿಯುತ್ತಾಳೆ. ಯಾವ ಚೆಂಡು ಹಾಕಬೇಕು ಎಂಬುದನ್ನು ಮಂಡಿಯ ನಡುವೆ ಬೆರಳು ತೋರಿಸಿ ಹೇಳುತ್ತಾಳಂತೆ.

"ಯಾಕ, ಆಕಿಗೆ ಬಾಯಿ ಇಲ್ಲೇನು?"

"ಬಾಯಿಲೆ ಹೇಳಿದ್ರ ಹೊಡ್ಯಾಕಿಗೂ ಕೇಳ್ತದಲ್ಲ ಅಜ್ಜಿ. ಮತ್ತ ಅಲ್ಲಿ ಗದ್ದಲದಾಗ ಯಾರ ಮಾತೂ ಯಾರಿಗೂ ಕೇಳಂಗಿಲ್ಲ. ಎಲ್ಲಾ ಕೈಲೇನ."

ಮೂಗರ ಆಟ ಎಂದು ನಕ್ಕೆ.

ಡಿಸೆಂಬರ್ ೨೩, ಮಂಗಳವಾರ

ಶ್ರೀವಾಣಿ ಬೆಳಿಗ್ಗೆ ಹೋದಳು. ದೇವರಿಗೂ ನನಗೂ ನಮಸ್ಕಾರ ಮಾಡಿದಳು. ಹೋಗುವಾಗ ಬಾಗಿಲಲ್ಲಿ ತಿರುಗಿ ನಿಂತು ಏನೋ ಅಂದಳು. ಈಗಿನ ಮಕ್ಕಳಿಗೆ ಬಾಯಿ ಬಿಟ್ಟು ಮಾತಾಡುವುದನ್ನು ಯಾರೂ ಕಲಿಸಿಲ್ಲ.

ಆಟ ಕೇಳುವ ವ್ಯವಸ್ಥೆ ಆಗಬೇಕಿತ್ತು. ಯಜಮಾನರು ಕ್ರಿಕೆಟ್ಟಿನ ವರ್ಣನೆ ಕೇಳುತ್ತಿದ್ದ ರೇಡಿಯೋ ಇನ್ನೂ ಇದೆ. ಬೇಸ್‌ಬಾಲ್ ಯಾವ ಸ್ಟೇಷನ್ನಿಗೆ ಬರುತ್ತದೆ ಎಂದು ಸಂಕರ್ಷಣನನ್ನು ಕೇಳಿದರೆ ಯಾವುದಕ್ಕೂ ಬರುವುದಿಲ್ಲವಂತೆ. ಟಿವಿಯಲ್ಲೂ ಇಲ್ಲ. ಫೋನಿನಲ್ಲಿ ಬರುತ್ತದೆ, ಆದರೆ ನಮ್ಮ ಓಣಿಯಲ್ಲಿ ಚಿತ್ರ ನಿಂತುನಿಂತು ಬರುತ್ತದೆ; ಇಂಡಿ, ಸಿಂದಗಿಯವರದೂ ಅದೇ ದೂರು. ಅದಕ್ಕೆ ಇವಳ ಆಟದ ಮಾಸ್ತರು ಮಡಿವಾಳಪ್ಪ ಮೈದಾನದಲ್ಲೇ ಕುಳಿತು, ನಡೆದದ್ದನ್ನು ನಡೆದಂತೆ ಕನ್ನಡದಲ್ಲಿ ಫೋನಿನೊಳಗೆ ಹೇಳುತ್ತಾರಂತೆ. ನಾಲ್ಕೂ ಮನೆಯವರು ತಮ್ಮ ತಮ್ಮ ಊರಿನಲ್ಲಿ ಕುಳಿತು ಕೇಳಬಹುದು.

ನಾನು ಫೋನು ಮುಟ್ಟುವವಳಲ್ಲ. ಆಟ ಇರುವ ಹೊತ್ತಿಗೆ ನಾನು ಮಡಿಯಲ್ಲಿ ಇರುತ್ತೇನೆ, ನೈವೇದ್ಯವಾಗುವ ತನಕ ಯಾರನ್ನೂ ಯಾವುದನ್ನೂ ಮುಟ್ಟುವುದಿಲ್ಲ. ಬಸ್ ಸ್ಟ್ಯಾಂಡಿನ ಹತ್ತಿರದ ಕುತುಬುದ್ದೀನನನ್ನು ಕರೆಸಿದೆ. ಯಜಮಾನರ ಕಾಲದಿಂದ ನಮ್ಮ ರೇಡಿಯೋ ನೋಡಿಕೊಂಡವನು. ಅವನೂ ಈಗ ಮುದುಕನೇ. ಹೆಬ್ಬೆರಳಿನಷ್ಟು ಒಂದು ಡಬ್ಬಿ ತಂದ. ಕಾರಿನಲ್ಲಿ ಹಾಡು ಕೇಳುವವರು ಇಟ್ಟುಕೊಳ್ಳುತ್ತಾರಂತೆ. ಫೋನಿಗೆ ಬಂದ ಮಾತನ್ನು ಅದು ಗಾಳಿಯಲ್ಲಿ ರೇಡಿಯೋಗೆ ದಾಟಿಸುತ್ತದೆ. ಫೋನು ಪಡಸಾಲೆಯಲ್ಲಿ, ರೇಡಿಯೋ ಅಡಿಗೆಮನೆಯ ಹೊಸ್ತಿಲ ಆಚೆ, ನಾನು ಒಲೆಯ ಮುಂದೆ.

"ಈಗ ನೋಡ್ರಿ ಬಾಯಾರ, ನಿಮ್ಮನಿ ಒಂದ ಸ್ಟೇಷನ್ ಆತು" ಎಂದ.

ಇಂದು ಅನ್ನ ತಳ ಹಿಡಿಯಿತು. ಹೊಸ ಕುಕ್ಕರ್ ಸೀಟಿಯನ್ನೇ ಹೊಡೆಯುವುದಿಲ್ಲ. ಆರು ಸಲ ಹೊಡೆಯಿತೆಂದು ವರದಾ ಹೇಳುತ್ತಾಳೆ. ಎದುರಿಗೇ ಕುಳಿತವಳು ನಾನು.

ಡಿಸೆಂಬರ್ ೨೬, ಶುಕ್ರವಾರ

ಮೊದಲನೆಯ ಆಟ. ಒಂಬತ್ತೂವರೆಗೆ ಸುರುವಾಯಿತು. ರೇಡಿಯೋದಿಂದ ಜೇನುಹುಟ್ಟಿನಂಥ ಒಂದು ಗುಂಯ್ ಬಂತು. ಅದರೊಳಗೆ ಒಬ್ಬ ಮನುಷ್ಯ ಮಾತಾಡುತ್ತಿದ್ದಾನೆ ಎಂಬುದಷ್ಟೇ ತಿಳಿಯಿತು. ಮಡಿವಾಳಪ್ಪ ಮಕ್ಕಳಿಗೆ ಹೀಗೆಯೇ ಪಾಠ ಹೇಳುತ್ತಾನೆಂದರೆ ಆ ಮಕ್ಕಳ ಗತಿ ಏನು? ವರದಾಳಿಗೆ ರೇಡಿಯೋ ಇನ್ನೂ ದೊಡ್ಡದು ಮಾಡು ಎಂದೆ. ಮಾಡಿದಳು. ಮತ್ತೂ ದೊಡ್ಡದು ಮಾಡು ಎಂದೆ. ಅವಳು ನನ್ನ ಮುಖ ನೋಡಿದಳು, ಪಡಸಾಲೆಯ ಕಡೆ ನೋಡಿದಳು, ಮಾಡಿದಳು.

ನಡುವೆ ಸಂಕರ್ಷಣ ಎದ್ದು ನಿಂತ, ಮತ್ತೆ ಕುಳಿತ. ಒಂದು ಸಲ ತಲೆಯ ಮೇಲೆ ಕೈ ಇಟ್ಟುಕೊಂಡ. ಸೋತರು ಎಂದು ಅದರಿಂದ ತಿಳಿದುಕೊಂಡೆ.

ಊಟಕ್ಕೆ ಕುಳಿತಾಗ "ಹೆಂಗ ಕೇಳ್ತವ್ವಾ?" ಎಂದ.

"ಇನ್ನೂ ಎರಡು ಅದಾವಲ್ಲ. ಆಮ್ಯಾಲೆ ಹೇಳ್ತೀನಿ."

ಕುತುಬುದ್ದೀನನ ಡಬ್ಬಿಯಲ್ಲಿ ದೋಷವಿದೆ. ನಾಳೆ ಕಳಿಸಬೇಕು.

ಡಿಸೆಂಬರ್ ೨೭, ಶನಿವಾರ

ಧನುರ್ಮಾಸದ ಭಜನೆ, ನಸುಕಿನಲ್ಲಿ. ಹಾರ್ಮೋನಿಯಂ ತೀರ ಕೆಟ್ಟಿದೆ. ನಾನು ಎತ್ತಿದ ಸೊಲ್ಲಿಗೆ ಅದು ಬೇರೆಯೇ ಶ್ರುತಿ ಕೊಡುತ್ತದೆ. ಅದನ್ನು ನುಡಿಸುವ ಸುಂದರವ್ವನನ್ನು ಎಲ್ಲರ ಮುಂದೆ ಗದರಿದೆ. "ಪೆಟಿಗಿ ಮುಂದ ಕೂಡ್ತಿ, ಪೆಟಿಗಿ ಕೆಟ್ಟದ್ದು ಗೊತ್ತಾಗೂದಿಲ್ಲೇನು?"

ಅವಳು ತಲೆ ತಗ್ಗಿಸಿ ಕುಳಿತಳು. ಆಮೇಲೆ ಹಾರ್ಮೋನಿಯಂ ಮುಚ್ಚಿಟ್ಟು ಬರೀ ತಾಳದ ಮೇಲೆ ಹಾಡಿದೆವು. ಹೆಂಗಸರೆಲ್ಲ ನಾನು ಹಾಡಿದಂತೆ ಹಾಡಿದರು. ಗುಡಿಯ ಪೂಜಾರಿ ಕಂಬದ ಹತ್ತಿರ ನಿಂತು ಒಂದು ಥರ ನೋಡುತ್ತಿದ್ದ. ಅವನಿಗೇನು ಗೊತ್ತು?

ಕುತುಬುದ್ದೀನ ಡಬ್ಬಿಯನ್ನೂ ರೇಡಿಯೋವನ್ನೂ ನೋಡಿ ಕಳಿಸಿದ. ಏನೂ ಆಗಿಲ್ಲ ಎಂದು ಹೇಳಿ ಕಳಿಸಿದ್ದಾನೆ. ದುಡ್ಡೂ ತೆಗೆದುಕೊಂಡಿಲ್ಲ. ಕೆಲಸ ಮಾಡದವನು ದುಡ್ಡು ತೆಗೆದುಕೊಳ್ಳುವುದಾದರೂ ಹೇಗೆ?

ಡಿಸೆಂಬರ್ ೨೮, ರವಿವಾರ

ಎರಡನೆಯ ಆಟ. ಇಂದು ವರದಾಳಿಗೆ ಅಡಿಗೆ ಒಪ್ಪಿಸಿ, ಮಡಿ ಬಿಟ್ಟು ಪಡಸಾಲೆಗೇ ಬಂದು ಕುಳಿತೆ. ಮದುವೆಯಾಗಿ ಈ ಮನೆಗೆ ಬಂದ ಮೇಲೆ ನೈವೇದ್ಯಕ್ಕೆ ಮೊದಲು ಮಡಿ ಬಿಟ್ಟದ್ದು ಇದೇ ಮೊದಲು. ಸಂಕರ್ಷಣ ತನ್ನ ಫೋನಿನ ವಯರನ್ನು ಕಿವಿಗೆ ಇಟ್ಟುಕೊಟ್ಟ. ಕಿವಿಯಲ್ಲಿ ಹತ್ತಿ ತುರುಕಿದಂತಾಯಿತು. ಆ ಹತ್ತಿಯ ಆಚೆ ಒಂದು ಸಂತೆ. "ಔಟ್" ಎಂಬ ಮಾತು ನಾಲ್ಕೈದು ಸಲ ತಿಳಿಯಿತು. ಶ್ರೀವಾಣಿ ಎಂಬ ಹೆಸರು ಒಂದು ಸಲವೂ ಬರಲಿಲ್ಲ. ಎರಡು ತಾಸು ಕುಳಿತು ಕೇಳಿದೆ, ಒಂದು ಸಲವೂ ಬರಲಿಲ್ಲ.

ಅಂದರೆ ಇವಳನ್ನು ಆಡಿಸುತ್ತಲೇ ಇಲ್ಲ. ಕರೆದುಕೊಂಡು ಹೋಗಿ ಅಂಚಿನಲ್ಲಿ ಕೂರಿಸಿದ್ದಾರೆ. ಕುಲಕರ್ಣಿಯವರ ಮನೆಯ ಹುಡುಗಿ ಬಾಟಲಿ ನೀರು ಹಂಚಲು ಅಷ್ಟು ದೂರ ಹೋಗಿದ್ದಾಳೆ.

ಸಂಜೆ ಅವಳ ಫೋನು ಬಂತು. ವರದಾ ನನ್ನ ಕಿವಿಗೆ ಹಿಡಿದಳು. ಹುಡುಗಿ ಒಂದೇ ಉಸಿರಿನಲ್ಲಿ ಏನೋ ಹೇಳುತ್ತಿದ್ದಳು. "ಊಟ ಆತೇನು? ಚಳಿ ಅದ, ಕಿವಿಗೆ ಕಟ್ಟಿಕೋ" ಎಂದು ಹೇಳಿ ಕೊಟ್ಟೆ. ಆಮೇಲೆ ಗಂಡ ಹೆಂಡತಿ ಜಗಲಿಯಲ್ಲಿ ನಿಂತು ಮಾತಾಡಿದರು. ನಾನು ಹೋದ ಕೂಡಲೇ ನಿಲ್ಲಿಸಿದರು. ಇತ್ತೀಚೆಗೆ ಈ ಮನೆಯಲ್ಲಿ ಎಲ್ಲರೂ ಪಿಸುಮಾತಿನವರೇ ಆಗಿದ್ದಾರೆ.

ಡಿಸೆಂಬರ್ ೩೦, ಮಂಗಳವಾರ

ಮೂರನೆಯ ಆಟವೂ ಹಾಗೆಯೇ. ಗುಂಯ್ ಎಂದಿತು, ಮುಗಿಯಿತು. ಅವಳ ಹೆಸರು ಇಲ್ಲ.

ಆದರೆ ಆಟ ಮುಗಿದಾಗ ಸಂಕರ್ಷಣನ ಕಣ್ಣಲ್ಲಿ ನೀರಿತ್ತು. "ಅವ್ವಾ, ಒಂದ ರನ್ನಿನ್ಯಾಗ ಕಪ್ಪು ಹೋತು. ಆದ್ರ ಅಕಿ ಹೆಂಗ ಹಾಕಿದ್ಲು! ಕೇಳಿದಿಲ್ಲೋ?" ಎಂದು ನನ್ನ ಹತ್ತಿರ ಬಂದು ಕೂಗಿದ.

ಆಗ ನನಗೆ ಎಲ್ಲ ತಿಳಿಯಿತು. ಜಗಲಿಯ ಪಿಸುಮಾತು ಇದೇ. ಮಗಳನ್ನು ಹೇಗಾದರೂ ಹಾಸ್ಟೆಲಿಗೆ ಕಳಿಸಬೇಕೆಂದು ಇಬ್ಬರೂ ಮಾತಾಡಿಕೊಂಡಿದ್ದಾರೆ. ಅವಳು ಆಡದಿದ್ದರೂ ಆಡಿದಳು ಎಂದು ನನ್ನ ಮುಖಕ್ಕೇ ಹೇಳುತ್ತಾರೆ. ಮಗಳ ಮೇಲಿನ ಮಮತೆ ಇರಲಿ. ನನ್ನ ಕಿವಿಯ ಎದುರಿಗೇ ಸುಳ್ಳೇ?

"ಕೇಳೀನಿ" ಎಂದೆ. "ಮೂರೂ ಆಟ ಕೇಳೀನಿ. ಅದರಾಗ ಏನಿಲ್ಲ. ಹಾಸ್ಟೆಲ್ ಬ್ಯಾಡ."

"ಅವ್ವಾ..."

"ನನಗ ಕೇಳಲಾರದ್ದು ನಿನಗ ಕೇಳ್ತದೇನು?"

ಅವನು ವರದಾಳ ಮುಖ ನೋಡಿದ. ಅವಳು ನೆಲ ನೋಡಿದಳು. ಸುಳ್ಳಿಗೆ ಬೆನ್ನೆಲುಬು ಇರುವುದಿಲ್ಲ ಎಂದುಕೊಂಡೆ. ಒಪ್ಪಿಗೆ ಇಲ್ಲವೆಂಬ ಪತ್ರವನ್ನು ನಾನೇ ಬರೆದೆ. ಸಂಕರ್ಷಣ ಸಹಿ ಮಾಡಿದ. ನಾಳೆ ಮುಂಜಾನೆಯ ಟಪಾಲಿಗೆ ಹಾಕೆಂದು ಹೇಳಿದ್ದೇನೆ.

ಜನವರಿ ೨, ಶುಕ್ರವಾರ

ಶ್ರೀವಾಣಿ ಬಂದಳು. ಬಿಸಿಲಿಗೆ ಕಪ್ಪಾಗಿದ್ದಾಳೆ. ಬಲಗೈ ಭುಜ ಬಾತಿದೆ. ಅಂಚಿನಲ್ಲಿ ಕುಳಿತವಳ ಭುಜ ಏಕೆ ಬಾತಿತು ಎಂದು ಒಂದು ಕ್ಷಣ ಅನಿಸಿತು. ಚೀಲ ಹೊತ್ತಿರಬೇಕು.

ಅಪ್ಪ ಅಮ್ಮ ಮೊದಲೇ ಹೇಳಿದ್ದರೆಂದು ಕಾಣುತ್ತದೆ. ಅವಳು ಅಳಲಿಲ್ಲ. ನನ್ನ ಮುಂದೆ ಕುಳಿತು, ಮುಖಕ್ಕೆ ಮುಖ ಕೊಟ್ಟು, ಒಂದೊಂದೇ ಮಾತು ಆಡಿದಳು.

"ನೀವು ಮೂರೂ ಆಟ ಕೇಳಿದ್ರೇನಜ್ಜಿ?"

"ಕೇಳಿದೆ."

"ಮುಗೀತು ಹಂಗಾರ. ನಾ ಛಲೋ ಹಾಕ್ತೀನಿ ಅಂತ ನನಗ ಅನಿಸಿತ್ತು. ನನ್ನದು ನನಗ ತಿಳೀಲಿಲ್ಲ."

ಚೆಂಡು ಹಿಡಿಯುವ ಚರ್ಮದ ಗವಸನ್ನೂ ಮೂರು ಚೆಂಡುಗಳನ್ನೂ ಹಳೆಯ ಸೀರೆಯಲ್ಲಿ ಗಂಟು ಕಟ್ಟಿದಳು. ಏಣಿ ಹಾಕಿ ಅಟ್ಟ ಹತ್ತಿ, ಹಿತ್ತಾಳೆ ಕೊಪ್ಪರಿಗೆಯೊಳಗೆ ಇಟ್ಟು ಬಂದಳು. ಹಟ ಇಲ್ಲ, ರಂಪ ಇಲ್ಲ. ಹುಡುಗಿ ಜಾಣೆ. ನನ್ನ ಮೇಲೆ ಹೋಗಿದ್ದಾಳೆ.

ಜನವರಿ ೫, ಸೋಮವಾರ

ಬರೆಯಬೇಕೋ ಬೇಡವೋ ಎಂದು ಬಹಳ ಹೊತ್ತು ಕುಳಿತಿದ್ದೆ.

ಮುಂಜಾನೆಯ ಪ್ರವಚನ ರೇಡಿಯೋದಲ್ಲಿ ತಿಳಿಯುತ್ತಿಲ್ಲವೆಂದು ಈ ವಾರ ಮತ್ತೆರಡು ಸಲ ಕಳಿಸಿದ್ದೆ; ಇಂದು ನಾನೇ ರೇಡಿಯೋ ಎತ್ತಿಕೊಂಡು ಕುತುಬುದ್ದೀನನ ಅಂಗಡಿಗೆ ಹೋದೆ. ಹತ್ತು ಗಂಟೆ ಇರಬೇಕು. ಎದುರಿನ ಚಹಾದಂಗಡಿಯಲ್ಲಿ ಆಳುಗಳು, ತಾಳಿಕೋಟೆ ಬಸ್ಸಿಗೆ ಕಾಯುವ ಜನ. ಕುತುಬುದ್ದೀನನ ಮೇಲೆ ಹರಿಹಾಯ್ದೆ. ಮೂರು ಸಲ ಕಳಿಸಿದರೂ ಸರಿ ಮಾಡಿಲ್ಲ, ನಿನ್ನ ಕೈಗೆ ವಯಸ್ಸಾಯಿತು, ಅಂಗಡಿ ಮಗನಿಗೆ ಬಿಡು ಎಂದೆ.

ಅವನು ಖುರ್ಚಿ ಕೊಟ್ಟ. ರೇಡಿಯೋದ ಹಿಂದಿನ ಮುಚ್ಚಳ ಬಿಚ್ಚಿದ, ಒಳಗೆ ಊದಿದ, ಮತ್ತೆ ಮುಚ್ಚಿದ. ಅದನ್ನು ಅಂಗಡಿಯಲ್ಲಿದ್ದ ದೊಡ್ಡ ಸ್ಪೀಕರ್ ಪೆಟ್ಟಿಗೆಗೆ ಜೋಡಿಸಿದ. ನನ್ನ ಕಡೆ ನೋಡುತ್ತಾ ಬಿರಡೆಯನ್ನು ನಿಧಾನವಾಗಿ ತಿರುಗಿಸಿದ.

"ಈಗ?" ಎಂದ.

"ಸಣ್ಣದಾತು."

ಇನ್ನೂ ತಿರುಗಿಸಿದ. ನನಗೆ ಒಂದು ಹಾಡು ದೂರದಲ್ಲಿ ಬರುವಂತೆ ಬಂತು, ಮನಗೂಳಿ ರಸ್ತೆಯ ಆಚೆ ಯಾರದೋ ಮದುವೆಯಲ್ಲಿ ಹಾಕಿದಂತೆ. "ಇನ್ನೂ ಸಣ್ಣದೇ ಅದ" ಎಂದೆ.

ಆಗ ಚಹಾದಂಗಡಿಯ ಕಡೆ ನೋಡಿದೆ. ಎಲ್ಲರೂ ನಮ್ಮ ಕಡೆ ತಿರುಗಿದ್ದರು. ಒಬ್ಬ ಹೆಣ್ಣುಮಗಳು ಕಂಕುಳ ಕೂಸಿನ ಕಿವಿಗಳನ್ನು ಎರಡೂ ಕೈಯಿಂದ ಮುಚ್ಚಿದ್ದಳು. ಮೇಜಿನ ಮೇಲಿನ ಸ್ಕ್ರೂಗಳು ತಾವಾಗಿಯೇ ನಡುಗುತ್ತಿದ್ದವು.

ಕುತುಬುದ್ದೀನ ಬಂದ್ ಮಾಡಿದ. ನನ್ನ ಹತ್ತಿರ ಬಾಗಿ, ಬೇರೆ ಯಾರಿಗೂ ತಿಳಿಯದಂತೆ ಅವರಿಗೆ ಬೆನ್ನು ಕೊಟ್ಟು ನಿಂತು, ಹೇಳಿದ. "ಬಾಯಾರ, ರೇಡಿಯೋ ಛಲೋ ಐತ್ರಿ. ಮೂರು ಸಲಾನೂ ಛಲೋ ಇತ್ತು."

ರೇಡಿಯೋ ಎತ್ತಿಕೊಂಡು ಬಂದೆ. ಅವನು ಮನೆಯವರೆಗೆ ತಂದುಕೊಡುತ್ತೇನೆಂದ. ಬೇಡವೆಂದೆ. ದಾರಿಯಲ್ಲಿ ಒಂದು ಟ್ರ್ಯಾಕ್ಟರ್ ಮೊಣಕೈಗೆ ತಾಗುವಂತೆ ಹಾದು ಹೋಯಿತು. ಅದು ಬಂದದ್ದೇ ಗೊತ್ತಾಗಲಿಲ್ಲ.

ಜನವರಿ ೬, ಮಂಗಳವಾರ

ಪೂಜೆಯಲ್ಲಿ ಗಂಟೆ ಬಾರಿಸಿದೆ. ಬಾರಿಸಿದೆ ಎಂದು ಕೈಗೆ ಗೊತ್ತಾಯಿತು.

ಜನವರಿ ೮, ಗುರುವಾರ

ಭಜನೆಗೆ ಹೋಗಿಲ್ಲ. ಮೈ ಸರಿಯಿಲ್ಲವೆಂದು ಹೇಳಿ ಕಳಿಸಿದೆ.

ಮಧ್ಯಾಹ್ನ ಸಿಂದಗಿಯಿಂದ ಮೆಹರಾಜ ಬಂದಿದ್ದಳು, ಚೆಂಡು ಹಿಡಿಯುವ ಅಫ್ರೀನಳ ತಾಯಿ. ಗಂಡ ಅರಳೆ ಬಿಡಿಸುವ ಜೀನಿನಲ್ಲಿ ಹತ್ತಿ ತೂಗುವವನು, ತಾನೂ ಅಲ್ಲೇ ಕೆಲಸ ಮಾಡುತ್ತಾಳಂತೆ. ಯಂತ್ರದ ಸಪ್ಪಳದಲ್ಲಿ ಮಾತಾಡಿ ಮಾತಾಡಿ ದನಿ ದೊಡ್ಡದಾಗಿದೆ. ಅವಳು ಬಾಗಿಲಲ್ಲೇ "ಅಸ್ಸಲಾಂ" ಎನ್ನಲು ಹೋಗಿ ತಡೆದು "ನಮಸ್ಕಾರ್ರಿ ಬಾಯಾರ" ಎಂದದ್ದೂ ನನಗೆ ಕೇಳಿತು. ತಿಂಗಳುಗಳ ಮೇಲೆ ಒಬ್ಬರ ಮಾತು ಪೂರ್ತಿ ಕೇಳಿದೆ. ಕೇಳದಿದ್ದರೆ ಚೆನ್ನಾಗಿತ್ತು.

ನಮ್ಮವಳು ಬಿಟ್ಟ ಸೀಟು ಅಫ್ರೀನಳಿಗೆ ಹೋಗಿದೆ. ಪಟ್ಟಿ ಮುಗಿದು ಮುಚ್ಚಿದೆ. ಖರ್ಜೂರದ ಡಬ್ಬಿ ನನ್ನ ಮುಂದೆ ಇಟ್ಟಳು. ಖುಷಿಯಿಂದ ಬಂದವಳಲ್ಲ, ಹೆದರಿ ಬಂದವಳು.

"ನಮ್ಮ ಹುಡುಗಿ ನಿಮ್ಮ ಹುಡುಗೀದ ಕಸಗೊಂಡಂಗ ಆತಂತ ಅಳಾಕತ್ತಾಳ್ರಿ. ಕೊನೀ ಆಟದಾಗ ಏಳು ಮಂದೀನ ಒಬ್ಬರ ಹಿಂದ ಒಬ್ಬರನ್ನ ಔಟ್ ಮಾಡಿ ಕಳಿಸಿದ್ಲಲ್ರಿ ನಿಮ್ಮ ಶ್ರೀವಾಣಿ! ಒಬ್ಬಾಕಿ ಕೋಲೂ ಚೆಂಡಿಗೆ ತಾಕಲಿಲ್ಲ. ಮಾಸ್ತರು ಹೆಸರು ಹೇಳಿ ಹೇಳಿ ದನಿ ಬಿದ್ದಿತ್ತು. ನಮ್ಮ ಓಣ್ಯಾಗ ಮಂದಿ ಆಕಿ ಹೆಸರು ಕೂಗಿದ್ರು. ನಮ್ಮ ಹುಡುಗೀದಲ್ರಿ, ನಿಮ್ಮ ಹುಡುಗೀದು."

ಖರ್ಜೂರದ ಡಬ್ಬಿಯನ್ನು ನನ್ನ ಕಡೆ ಇನ್ನಷ್ಟು ಸರಿಸಿದಳು.

"ನೀವೂ ಕೇಳಿದ್ರಂತಲ್ರಿ? ಕೇಳಿ, ಯಾಕ ಬ್ಯಾಡ ಅಂದ್ರಿ?"

ವರದಾ ಚಹಾದ ತಟ್ಟೆ ಹಿಡಿದು ಬಾಗಿಲಲ್ಲಿ ನಿಂತಿದ್ದಳು. ಶ್ರೀವಾಣಿ ಒಳಗೆ ಓದುತ್ತಿದ್ದಳು.

"ಕೇಳಿದ್ದೆ" ಎಂದೆ. "ಮನಿ ಹೆಣ್ಣುಮಕ್ಕಳು ಮನ್ಯಾಗ ಇರಲಿ ಅಂತ ಬ್ಯಾಡ ಅಂದೆ."

ಮೆಹರಾಜ ತಲೆ ಆಡಿಸಿದಳು. ದೊಡ್ಡವರ ಮಾತು ಎಂದುಕೊಂಡಿರಬೇಕು. ನಾಲ್ಕೂವರೆಯ ಸಿಂದಗಿ ಬಸ್ಸಿಗೆ ಹೋದಳು. ಖರ್ಜೂರದ ಡಬ್ಬಿ ಇನ್ನೂ ಅಲ್ಲೇ ಇದೆ. ಯಾರೂ ತೆರೆದಿಲ್ಲ.

ಜನವರಿ ೧೧, ರವಿವಾರ

ಮಡಿವಾಳಪ್ಪ ಬಂದಿದ್ದ. ಹಾಸ್ಟೆಲ್ ಹೋದರೆ ಹೋಗಲಿ, ಶಾಲೆಯ ತಂಡಕ್ಕಾದರೂ ಹುಡುಗಿ ಬರಲಿ ಎಂದು ಕೇಳಲು. ಅಂಗಳದಲ್ಲಿ ನಿಂತು ಮಾತಾಡಿದರು. ಶ್ರೀವಾಣಿ ಇಲ್ಲವೆಂದು ತಲೆ ಅಲ್ಲಾಡಿಸಿದ್ದು ಕಂಡಿತು. ಅವನು ಜೇಬಿನಿಂದ ಒಂದು ಹೊಸ ಚೆಂಡು ತೆಗೆದು ಅವಳ ಕೈಗೆ ಕೊಟ್ಟ. ಅವಳು ಅದನ್ನು ಕಟ್ಟೆಯ ಮೇಲೆ ಇಟ್ಟು ಒಳಗೆ ಹೋದಳು. ಮಡಿವಾಳಪ್ಪ ನನ್ನ ಕಡೆ ನೋಡಿದ. ನಮಸ್ಕಾರ ಮಾಡಿದ, ಹೋದ.

ವರದಾಳನ್ನು ಕರೆದು "ಏನಂದ್ಲು?" ಎಂದೆ. ಈ ಮನೆಯಲ್ಲಿ ನಾನು ಒಂದು ಮಾತನ್ನು ಇನ್ನೊಬ್ಬರಿಂದ ಕೇಳಿ ತಿಳಿದುಕೊಂಡದ್ದು ಇಂದೇ ಮೊದಲು.

ವರದಾ ನನ್ನ ಕಿವಿಯ ಹತ್ತಿರ ಬಾಯಿ ತಂದು, ಎಡವಟ್ಟಾಗಬಾರದೆಂದು ಬಿಡಿಸಿ ಬಿಡಿಸಿ ಹೇಳಿದಳು. "'ಅಜ್ಜಿ ಮೂರೂ ಆಟ ಕೇಳ್ಯಾರ್ರಿ ಸರ್. ನನ್ನ ಕೈಯಾಗ ಏನಿಲ್ಲಂತ ಅವರಿಗೆ ಗೊತ್ತಾಗೇದ. ನೀವು ನನ್ನ ಮ್ಯಾಲಿನ ಅಂತಃಕರಣಕ್ಕ ಅಂತೀರಿ.' ಹಿಂಗಂದ್ಲು ಅತ್ಯಾ."

ಸೀಟು ತಿರುಗಿ ಬರುವುದಿಲ್ಲ. ಬಂದರೂ ಅದು ಅಫ್ರೀನಳ ಕೈಯಿಂದ ಕಿತ್ತುಕೊಂಡು ಬರಬೇಕು. ಹೇಳಿದರೆ ಶ್ರೀವಾಣಿಗೆ ಸಿಗುವುದು ಏನೂ ಇಲ್ಲ. ಹೇಳಿದರೆ ಹೋಗುವುದು ನನ್ನದು ಎಲ್ಲ: ಮಂಡಳಿ, ಈ ಮನೆಯಲ್ಲಿನ ಮಾತು, ಊರಿನಲ್ಲಿ ಹೇಳುವ ಆ ಒಂದು ಮಾತು. ಇದು ಯಾವ ಕಡೆಯಿಂದ ನೋಡಿದರೂ ನಷ್ಟದ್ದೇ.

ಹೇಳದಿದ್ದರೆ ಅವಳು ತನ್ನ ಕೈಯಲ್ಲಿ ಏನೂ ಇರಲಿಲ್ಲವೆಂದುಕೊಂಡೇ ಮುದುಕಿಯಾಗುತ್ತಾಳೆ.

ಜನವರಿ ೧೩, ಮಂಗಳವಾರ

ಎರಡು ದಿನದಿಂದ ಕಟ್ಟೆಯ ಮೇಲೆ ಆ ಚೆಂಡು ಹಾಗೆಯೇ ಇದೆ. ನಾನೂ ಮುಟ್ಟಿಲ್ಲ.

ಜನವರಿ ೧೫, ಗುರುವಾರ, ಸಂಕ್ರಾಂತಿ

ಕುಸುರೆಳ್ಳು ಕೊಡಲು ಭಜನಾ ಮಂಡಳಿಯವರೆಲ್ಲ ನಾಲ್ಕು ಗಂಟೆಗೆ ಮನೆಗೆ ಬಂದಿದ್ದರು. ಒಂಬತ್ತು ಹೆಂಗಸರು, ಸುಂದರವ್ವನೂ ಸೇರಿ. ಮನೆಯವರು ಮೂವರು. ಪಡಸಾಲೆ ತುಂಬಿತ್ತು. ಮುಂಚೆಯೇ ಕುತುಬುದ್ದೀನನ ದೊಡ್ಡ ಸ್ಪೀಕರ್ ಪೆಟ್ಟಿಗೆ ತರಿಸಿ ಇಟ್ಟಿದ್ದೆ. ಮಡಿವಾಳಪ್ಪ ಹೇಳಿದ್ದೆಲ್ಲ ಫೋನಿನಲ್ಲಿ ಉಳಿದಿರುತ್ತದೆಂದು ಸಂಕರ್ಷಣ ಒಮ್ಮೆ ಅಂದಿದ್ದ. ಮೂರನೆಯ ಆಟ ಹಚ್ಚು ಎಂದೆ.

"ಈಗ್ಯಾಕವ್ವಾ?"

"ಹಚ್ಚು."

ಹಚ್ಚಿದ. ನಾನು ಪೆಟ್ಟಿಗೆಗೆ ಎರಡು ಮೊಳ ದೂರದಲ್ಲಿ ಖುರ್ಚಿ ಹಾಕಿಕೊಂಡು ಕುಳಿತೆ. ಹೆಂಗಸರು ಒಬ್ಬರ ಮುಖ ಒಬ್ಬರು ನೋಡಿದರು. ಒಬ್ಬಳು ಸೆರಗಿನಿಂದ ಕಿವಿ ಮುಚ್ಚಿಕೊಂಡಳು. ಶ್ರೀವಾಣಿ ಕಂಬಕ್ಕೆ ಒರಗಿ ನಿಂತಿದ್ದಳು, ಮುಖ ಗೋಡೆಯ ಕಡೆ.

"ಈಗ ಮಾಸ್ತರ ಏನ್ ಹೇಳ್ಲಿಕತ್ತಾನ?" ಎಂದು ಸುಂದರವ್ವನನ್ನು ಕೇಳಿದೆ.

ಅವಳು ಬೆದರಿ ಏನೋ ಅಂದಳು.

"ಜೋರಾಗಿ ಹೇಳು. ನನಗ ಕೇಳೂದಿಲ್ಲ. ಇದೂ ಕೇಳೂದಿಲ್ಲ, ನಿನ್ನ ಮಾತೂ ಕೇಳೂದಿಲ್ಲ. ಅವತ್ತೂ ಕೇಳಿಲ್ಲ. ಮೂರೂ ಆಟ ಹಿಂಗ ಕೂತಿದ್ದೆ, ಗುಂಯ್ ಅನ್ನೂದೊಂದು ಬಿಟ್ರ ಏನೂ ಕೇಳಿಲ್ಲ. ಕೇಳೀನಿ ಅಂತ ಸುಳ್ಳು ಹೇಳ್ದೆ. ಆ ಸುಳ್ಳಿನ ಮ್ಯಾಲೆ ಪತ್ರ ಬರದೆ."

ಸಂಕರ್ಷಣ ಫೋನು ಬಂದ್ ಮಾಡಿದ. ಬಂದ್ ಆದದ್ದು ಹೆಂಗಸರ ಮುಖದಿಂದ ತಿಳಿಯಿತು.

"ಗುಡಿ ಪೆಟಿಗಿ ಕೆಟ್ಟಿರಲಿಲ್ಲ ಸುಂದರವ್ವ" ಎಂದೆ. "ತಾಳ ನಾಳಿಂದ ನಿನ್ನ ಕೈಯಾಗ." ತಾಳದ ಜೋಡಿಯನ್ನು ಅವಳ ಉಡಿಯಲ್ಲಿ ಹಾಕಿದೆ. ಅವಳು ಅತ್ತಳು. ಬಗ್ಗಿ ನನ್ನ ಕಿವಿಯಲ್ಲಿ ಹೇಳಿದಳು, ದೀಪಾವಳಿಗೂ ಮುಂಚಿನಿಂದ ಎಲ್ಲರಿಗೂ ಗೊತ್ತಿತ್ತಂತೆ. ನಾನು ತಪ್ಪಿದ ಶ್ರುತಿಗೇ ಎಲ್ಲರೂ ಹಾಡುತ್ತಿದ್ದರಂತೆ.

ವರದಾಳ ಕಡೆ ತಿರುಗಿದೆ. "ನಿನಗೂ ಗೊತ್ತಿತ್ತೇನು?"

"ಗೊತ್ತಿತ್ತು ಅತ್ಯಾ."

"ಮಗಳ ಸೀಟು ಹೋಗೂ ಮುಂದೂ ಬಾಯಿ ಬಿಡಲಿಲ್ಲಲ್ಲ?"

ಅವಳು ಈ ಸಲ ಕಿವಿಯ ಹತ್ತಿರ ಬರಲಿಲ್ಲ. ನಿಂತಲ್ಲೇ ನಿಂತು, ನನ್ನ ಕಣ್ಣು ನೋಡಿ, ನನಗೆ ತುಟಿ ತಿಳಿಯುವಂತೆ ಹೇಳಿದಳು. "ನಿಮಗ ಹೇಳೂ ಧೈರ್ಯ ಈ ಮನ್ಯಾಗ ಯಾರಿಗಿತ್ರಿ?"



ಶ್ರೀವಾಣಿ ಕಂಬ ಬಿಟ್ಟು ಬಂದು ನನ್ನ ಎದುರಿಗೆ ನಿಂತಳು. ಬಾಯಿ ತೆರೆಯಲಿಲ್ಲ. ಕೈ ಎತ್ತಿ ಮೂರು ಬೆರಳು ತೋರಿಸಿದಳು. ಮೂರನೆಯ ಆಟವೂ ಕೇಳಿಸಿರಲಿಲ್ಲವೇ ಎಂದು.

ಇಲ್ಲ ಎಂದು ತಲೆ ಅಲ್ಲಾಡಿಸಿದೆ.

ಅವಳು ನನ್ನ ಕಾಲಿಗೆ ಬೀಳಲಿಲ್ಲ, ಬೈಯಲೂ ಇಲ್ಲ. ಹೆಂಗಸರ ನಡುವೆ ದಾರಿ ಮಾಡಿಕೊಂಡು ಹಿಂದಿನ ಕೋಣೆಗೆ ಹೋದಳು. ಬಾಗಿಲಿನಿಂದ ಏಣಿಯ ಕೆಳಗಿನ ಅರ್ಧ ನನಗೆ ಕಾಣುತ್ತಿತ್ತು. ಅದು ಅಲುಗಿತು. ಅವಳ ಪಾದಗಳು ಒಂದೊಂದು ಮೆಟ್ಟಿಲು ಬಿಟ್ಟು ಮೇಲೆ ಹೋದವು. ಚೆಂಡು ತರಲು ಹೋದಳೋ, ಯಾರಿಗೂ ಕಾಣದಂತೆ ಅಳಲು ಹೋದಳೋ, ಯಾರನ್ನೂ ಕೇಳಲಿಲ್ಲ. ಅಟ್ಟದಿಂದ ಯಾವ ಸಪ್ಪಳವೂ ನನ್ನವರೆಗೆ ಬರುವುದಿಲ್ಲ. ಇನ್ನು ಮುಂದೆಯೂ ಬರುವುದಿಲ್ಲ.

ಎದ್ದು ಹೋಗಿ ಏಣಿ ಹಿಡಿದು ನಿಂತೆ.